ತಟ್ಟೆ ತೆಗೆದುಕೊಂಡ ಮೇಲೆ

ಆ ದಿನ ಬೆಳಗ್ಗೆಯೂ ನನ್ನ ಜಡೆ ಹೆಣೆದದ್ದು ನಮ್ಮ ಯಜಮಾನರೇ. ಬಲಗೈ ಭುಜಕ್ಕಿಂತ ಮೇಲೆ ಏಳದಂತಾದ ಮೇಲೆ ಅದು ಅವರ ಪಾಲಿನ ಕೆಲಸವಾಗಿತ್ತು. ಒಲೆಯ ಮೇಲೆ ಹಾಲಿಟ್ಟು, ಉರಿ ಸಣ್ಣ ಮಾಡಿ, ಬಾಚಣಿಗೆಯನ್ನು ಹಲ್ಲಲ್ಲಿ ಕಚ್ಚಿಕೊಂಡು ಕೂದಲನ್ನು ಎಳೆ ಎಳೆಯಾಗಿ ಬಿಡಿಸುತ್ತಿದ್ದರು. ಮೊದಮೊದಲು ಜಡೆ ಕಿವಿಯ ಕಡೆಗೆ ವಾಲುತ್ತಿತ್ತು. ಈಚೆಗೆ ನೆಟ್ಟಗೆ ಬೆನ್ನ ನಡುವಿಗೇ ಬರುತ್ತಿತ್ತು.

"ಅಲ್ಲಾಡ್ಬೇಡ. ಕೋರ್ಟಿಗೆ ಹೋಗೋಳು ನೀಟಾಗಿರ್ಬೇಕು," ಎಂದರು.

"ಸಾಕ್ಷಿ ಹೇಳೋರು ನೀವು. ಶರ್ಟಿಗೆ ಹಾಲು ಸಿಡಿದಿದೆ ನೋಡ್ಕೊಳ್ಳಿ."

ನಕ್ಕು, ಒಳಗೆ ಹೋಗಿ ಶರ್ಟು ಬದಲಿಸಿಕೊಂಡು ಬಂದರು. ಗುಂಡಿ ಹಾಕುವಾಗ ಅವರ ಗಮನ ಬೇರೆಲ್ಲೋ ಇತ್ತು. ಕೋರ್ಟಿನ ಹೆದರಿಕೆ ಇರಬೇಕು ಎಂದುಕೊಂಡೆ.

ಅಪಘಾತವಾಗಿ ಆಗ ವರ್ಷ ದಾಟಿತ್ತು. ಯಲಹಂಕದ ನಮ್ಮ ಮನೆಯ ಹತ್ತಿರದ ತಿರುವಿನಲ್ಲಿ ಸೊಪ್ಪು ಕೊಂಡು ರಸ್ತೆಯ ಅಂಚಿನಲ್ಲಿ ನಿಂತಿದ್ದೆ. ಇವರು ಎದುರುಬದಿಯಲ್ಲಿ ಸ್ಕೂಟರ್ ಹತ್ತಿ ನನ್ನತ್ತಲೇ ನೋಡುತ್ತಿದ್ದರು. ತಿರುವಿನಲ್ಲಿ ನುಗ್ಗಿ ಬಂದ ಕಾರು ನನ್ನನ್ನು ಮೋರಿಯ ಚಪ್ಪಡಿಯ ಮೇಲೆ ಕೆಡವಿತು. ಭುಜದ ಮೂಳೆ ಒಡೆಯಿತು. ಓಡಿಸುತ್ತಿದ್ದವರು ಜಕ್ಕೂರಿನ ದೊಡ್ಡ ಜಮೀನುದಾರರು, ನಮ್ಮ ಯಜಮಾನರ ಕಡೆಯಿಂದ ದೂರದ ನೆಂಟರೂ ಹೌದು. ಕಾರಿನ ಇನ್ಶೂರೆನ್ಸ್ ಮುಗಿದುಹೋಗಿತ್ತು. ಹಾಗಾಗಿ ಪರಿಹಾರವೇನಿದ್ದರೂ ಅವರ ಕೈಯಿಂದಲೇ ಬರಬೇಕು. ಅದಕ್ಕೇ ಅವರು ಕೋರ್ಟಿನಲ್ಲಿ, ಚಪ್ಪಡಿ ಅಲುಗಾಡಿ ನಾನೇ ಬಿದ್ದೆ, ಕಾರು ನನಗೆ ತಾಗಲೇ ಇಲ್ಲ ಎಂದಿದ್ದರು.

ಕೈ ಮತ್ತೆ ಮೇಲೇಳಬೇಕಾದರೆ ಇನ್ನೊಂದು ಆಪರೇಷನ್ ಆಗಬೇಕು ಎಂದು ಡಾಕ್ಟರು ಹೇಳಿದ್ದರು. ಆ ಖರ್ಚು ನಮ್ಮಿಂದಾಗುವಂಥದ್ದಲ್ಲ. "ಕಣ್ಣಾರೆ ಕಂಡೋರು ನಿಮ್ಮ ಯಜಮಾನ್ರು ಒಬ್ರೇ ಮೇಡಂ. ಅವರು ಗಟ್ಟಿಯಾಗಿ ನಿಂತ್ರೆ ಕೇಸು ನಿಲ್ಲತ್ತೆ," ಎಂದಿದ್ದರು ನಮ್ಮ ವಕೀಲೆ.

ಹೆಬ್ಬಾಳದ ಫ್ಲೈಓವರ್ ಮೇಲೆ ಬಸ್ಸು ತೆವಳುವಾಗ ಇವರು ಕಿಟಕಿಯಿಂದಾಚೆ ನೋಡುತ್ತ ಕುಳಿತಿದ್ದರು. ನನ್ನ ಬಲತೋಳು ಯಾರಿಗೂ ತಗಲದಂತೆ ತಮ್ಮ ಮೊಣಕೈಯನ್ನು ಅಡ್ಡ ಹಿಡಿದಿದ್ದರು.

ಕಟಕಟೆಯಲ್ಲಿ ನಿಂತಾಗ ಮೊದಲ ಪ್ರಶ್ನೆಗಳಿಗೆ ಸರಿಯಾಗಿಯೇ ಉತ್ತರಿಸಿದರು. ಆಮೇಲೆ ಎದುರು ಪಕ್ಷದ ವಕೀಲರು ಎದ್ದರು. ಮೃದುವಾಗಿ ಮಾತಾಡುವ ಹಿರಿಯರು.

"ಕಾರು ತಾಗಿದ್ದನ್ನ ನೀವು ಕಣ್ಣಾರೆ ಕಂಡ್ರಾ?"

ಇವರು ನೆಲ ನೋಡಿದರು. "ನಾನು ಸ್ಕೂಟರ್ ಸ್ಟಾರ್ಟ್ ಮಾಡ್ತಿದ್ದೆ ಸಾರ್. ಸದ್ದು ಕೇಳಿ ತಿರುಗಿದಾಗ ಇವಳು ಬಿದ್ದಿದ್ಳು."

"ಅಂದ್ರೆ ಚಪ್ಪಡಿ ಅಲುಗಾಡಿ ಬಿದ್ದಿರಲೂಬಹುದು?"

"ಇರ್ಬಹುದು. ಖಚಿತವಾಗಿ ಹೇಳಕ್ಕಾಗಲ್ಲ."

ನಮ್ಮ ವಕೀಲೆಯ ಪೆನ್ನು ಬರೆಯುವುದನ್ನು ನಿಲ್ಲಿಸಿತು. ಇವರ ಶರ್ಟಿನ ಗುಂಡಿಗಳು ಒಂದು ಕಾಜ ತಪ್ಪಿ ಮೇಲೆ ಕೆಳಗಾಗಿರುವುದು ನನಗೆ ಕಂಡದ್ದು ಆಗಲೇ.

"ಅಪಘಾತ ಆದ ವಾರದಲ್ಲೇ ನಮ್ಮ ಕಕ್ಷಿದಾರರ ಮನೆಯೋರು ತಾಂಬೂಲದ ತಟ್ಟೆ ತಂದಿದ್ರು. ನಿಮ್ಮ ಹೆಂಡತಿ ತಗೊಂಡ್ರು ಅಲ್ವಾ?"

"ತಗೊಂಡ್ಳು."

"ಅದರ ಅರ್ಥ?"

"ನಮ್ಮೂರ ಕಡೆ ತಟ್ಟೆ ತಗೊಂಡ್ರೆ ರಾಜಿ ಆಯ್ತು ಅಂತ ಲೆಕ್ಕ. ಆಮೇಲೆ ಸ್ಟೇಷನ್ನು, ಕೋರ್ಟು ಅಂತ ಹೋಗಂಗಿಲ್ಲ."

ಆ ತಟ್ಟೆ ನನಗೆ ಚೆನ್ನಾಗಿ ನೆನಪಿತ್ತು. ವೀಳ್ಯದೆಲೆ, ತೆಂಗಿನಕಾಯಿ, ಅರಿಶಿನ ಕುಂಕುಮ, ತಿಳಿ ಹಸಿರಿನ ರವಿಕೆ ಕಣ. ಆ ಮನೆಯ ಹೆಂಗಸು ಮಂಚದ ಪಕ್ಕ ಕುಳಿತು ನನ್ನ ಹಣೆಗೆ ಕುಂಕುಮವಿಟ್ಟಿದ್ದರು. ಬಲಗೈ ಕುತ್ತಿಗೆಗೆ ಕಟ್ಟಿದ ಜೋಳಿಗೆಯಲ್ಲಿತ್ತು. "ಎಡಗೈಲಿ ತಗೊಳ್ತಿದ್ದೀನಿ, ಬೇಜಾರ್ ಮಾಡ್ಕೋಬೇಡಿ," ಎಂದು ಕ್ಷಮೆ ಬೇರೆ ಕೇಳಿದ್ದೆ. ನಾನು ಬೆಳೆದದ್ದು ಜಾಲಹಳ್ಳಿಯ ಫ್ಯಾಕ್ಟರಿ ಕ್ವಾರ್ಟರ್ಸಿನಲ್ಲಿ, ಓದಿದ್ದು ಕಾನ್ವೆಂಟಿನಲ್ಲಿ. ಹುಷಾರಿಲ್ಲದವರನ್ನು ನೋಡಲು ಬಂದವರು ಏನಾದರೂ ಕೊಟ್ಟರೆ ಥ್ಯಾಂಕ್ಸ್ ಹೇಳಿ ತೆಗೆದುಕೊಳ್ಳಬೇಕು ಎನ್ನುವುದಷ್ಟೇ ನನಗೆ ಗೊತ್ತಿದ್ದದ್ದು. ಇವರು ಅಡುಗೆಮನೆಯ ಬಾಗಿಲಲ್ಲಿ ನಿಂತು ನೋಡುತ್ತಿದ್ದರು. ಬಂದವರಿಗೆ ಕಾಫಿ ಬೆರೆಸಿ ಕೊಟ್ಟವರೂ ಅವರೇ. ತಟ್ಟೆಯ ಅರ್ಥವನ್ನು ಮಾತ್ರ ಹೇಳಿರಲಿಲ್ಲ. ಆಮೇಲೆ ನಾನು ಪೊಲೀಸ್ ಸ್ಟೇಷನ್ನಿಗೆ ಹೋಗುತ್ತೇನೆಂದಾಗ, "ಹೋಗಿ ಬಾ," ಎಂದು ಆಟೋ ಹತ್ತಿಸಿದ್ದರು.

ಹೊರಗೆ ವರಾಂಡದಲ್ಲಿ ವಕೀಲೆ ನನ್ನನ್ನು ಪಕ್ಕಕ್ಕೆ ಕರೆದರು. "ನಮ್ಮ ಸಾಕ್ಷೀನೇ ಹಿಂಗಂದ್ರೆ ನಾನೇನ್ ಮಾಡ್ಲಿ ಮೇಡಂ? ವಾದ ಮಾಡ್ತೀನಿ. ಆದ್ರೆ ಆಸೆ ಇಟ್ಕೋಬೇಡಿ."

ವಾಪಸ್ಸು ಬರಲು ಇವರು ಆಟೋ ಮಾಡಿದರು. ಆಟೋ ಮೇಖ್ರಿ ಸರ್ಕಲ್ ದಾಟಿತು.

"ನೀವು ನೋಡಿದ್ರಿ ತಾನೆ?" ಎಂದೆ.

"ನೋಡ್ದೆ."

"ಮತ್ತೆ?"

"ಹೋದ ವಾರ ಅಣ್ಣನ ಮನೇಲಿ ಕೂರಿಸಿ ಕೇಳಿದ್ರು ಕಣೆ. ಹಿರಿಯರೆಲ್ಲ ಇದ್ರು. ತಟ್ಟೆ ತಗೊಂಡು ಮಾತು ತಪ್ಪಿದ ಮನೆ ಅಂತ ಅನ್ನಿಸ್ಕೋಬೇಕಾ? ನಾಳೆ ನಾನು ಅವರ ಮಧ್ಯೆ ತಿರುಗಾಡ್ಬೇಕಲ್ವಾ?"

"ನನ್ ಕೈ?"

"ಏನಾದ್ರೂ ಮಾಡೋಣ. ನಾನಿದ್ದೀನಲ್ಲ, ಎಲ್ಲಾ ಮಾಡ್ಕೊಡ್ತೀನಲ್ಲ."

ಆಟೋದವರು ಕನ್ನಡಿಯಲ್ಲಿ ನಮ್ಮನ್ನು ನೋಡಿದಂತಾಯಿತು. ಹೊರಗಿನವರ ಮುಂದೆ ದನಿ ಏರಿಸಿ ಅಭ್ಯಾಸವಿಲ್ಲ. ಮುಖ ತಿರುಗಿಸಿದೆ. ಹೋದ ವಾರವೆಂದರೆ, ಆ ಏಳು ಬೆಳಗೂ ಇವರು ನನ್ನ ಬೆನ್ನ ಹಿಂದೆ ನಿಂತು ಕೂದಲು ಬಿಡಿಸಿದ್ದರು. ನಾನು ಆಪರೇಷನ್ ಆದ ಮೇಲೆ ಮಾಡುವ ಕೆಲಸಗಳನ್ನು ಹೇಳುತ್ತ ಹೋಗಿದ್ದೆ. ಮೇಲಿನ ಕಪಾಟಿನ ಡಬ್ಬಗಳನ್ನು ನಾನೇ ಇಳಿಸುತ್ತೇನೆ, ನಿಮಗಿನ್ನು ಈ ಕಾಟವಿಲ್ಲ ಎಂದಿದ್ದೆ. ಇವರು ಹೂಂ ಹೂಂ ಎಂದಿದ್ದರು.

ಸಂಜೆ ವರಾಂಡದಲ್ಲಿ ಕುಳಿತಿದ್ದೆ. ಎದುರುಮನೆಯವರ ಗ್ಯಾಸ್ ಸಿಲಿಂಡರನ್ನು ಗೇಟಿನ ಬಳಿಯೇ ಇಳಿಸಿ ಹೋಗಿದ್ದರು. ಆ ಮನೆಯಾಕೆ ಕೂಗಿದ್ದಕ್ಕೆ ಇವರು ಚಪ್ಪಲಿಯನ್ನೂ ಮೆಟ್ಟದೆ ಓಡಿ, ಸಿಲಿಂಡರನ್ನು ಹೆಗಲಿಗೇರಿಸಿ ಅವರ ಮಹಡಿ ಹತ್ತಿದರು. ಆಕೆ ನಮ್ಮ ಕಾಂಪೌಂಡಿಗೆ ಒರಗಿ, ಸೆರಗಿನಿಂದ ಬೆವರೊರೆಸಿಕೊಳ್ಳುತ್ತ ನನ್ನತ್ತ ತಿರುಗಿದರು.

"ನೀವು ಪುಣ್ಯ ಮಾಡಿದ್ರಿ ಕಣ್ರೀ. ನಿಮ್ಮ ಯಜಮಾನ್ರು ಯಾರಿಗೂ ಇಲ್ಲ ಅನ್ನಲ್ಲ ನೋಡಿ."