ಬಾ ಅವರ ಮಳೆನೀರು

ಬಾ ಅವರ ಬಲಗೈ ಬೆರಳುಗಳ ತುದಿ ಸದಾ ನೀರಲ್ಲಿ ನೆನೆದು ಒಣದ್ರಾಕ್ಷಿಯಂತೆ ಸುಕ್ಕುಗಟ್ಟಿರುತ್ತಿತ್ತು. ಗುಜರಾತ್ ಬೇರೆ ರಾಜ್ಯವಾದ ಹೊಸತರಲ್ಲಿ ನನಗೆ ಅಹಮದಾಬಾದಿಗೆ ವರ್ಗವಾದಾಗ, ಹಳೇ ಊರಿನ ಓಣಿಯೊಂದರಲ್ಲಿ ಮಹಡಿಯನ್ನು ಬಾಡಿಗೆಗೆ ಕೊಟ್ಟ ಜೈನ ಮುದುಕಿ ಅವರು. ಓಣಿಯೆಲ್ಲ ಅವರನ್ನು ಬಾ, ಅಂದರೆ ಅಮ್ಮ, ಎನ್ನುತ್ತಿತ್ತು.

ಅಂಗಳದ ಕೆಳಗೆ ಕೋಣೆಯಷ್ಟು ದೊಡ್ಡ ತೊಟ್ಟಿ. ಮಾಳಿಗೆಯ ಮಳೆನೀರು ತಾಮ್ರದ ಕೊಳವೆಯಲ್ಲಿ ಇಳಿದು ವರ್ಷವಿಡೀ ಅದರಲ್ಲಿ ನಿಲ್ಲುತ್ತಿತ್ತು. ಸೇದಿದ ಪ್ರತಿ ಕೊಡವನ್ನೂ ಬಾ ಮಡಿಸಿದ ಬಟ್ಟೆಯಲ್ಲಿ ಸೋಸುವರು. ಆಮೇಲೆ ಬಟ್ಟೆ ತಿರುವಿ, ಅದಕ್ಕಂಟಿದ ಕಣ್ಣಿಗೆ ಕಾಣದ ಜೀವಗಳನ್ನು ತೊಳೆದು, ಆ ನೀರನ್ನು ಹಗ್ಗಕ್ಕೆ ಕಟ್ಟಿದ ತಂಬಿಗೆಯಲ್ಲಿ ಮೆಲ್ಲಗೆ ತೊಟ್ಟಿಗೇ ಇಳಿಸುವರು. "ಮೇಲಿಂದ ಸುರಿದ್ರೆ ಅವಕ್ಕೆ ಪೆಟ್ಟಾಗುತ್ತಲ್ಲ, ಭಾಯ್," ಎನ್ನುವರು.

ನನಗೂ ಆ ಜೀವಗಳದ್ದೇ ಚಿಂತೆ, ಬೇರೆ ರೀತಿಯಲ್ಲಿ. ಮಗಳಿಗಿನ್ನೂ ಒಂದು ವರ್ಷ. ಓಣಿಯಲ್ಲಿ ಯಾರಿಗೋ ವಿಷಮಜ್ವರವಂತೆ. ನಮ್ಮ ಕಡೆ ಕ್ರಿಮಿ ಸಾಯಲೆಂದು ಬಾವಿಗೆ ಹಾಕುವ ಪರ್ಮಾಂಗನೇಟ್ ಪುಡಿ ತಂದು, ಬಾ ಬಸದಿಗೆ ಹೋದ ಹೊತ್ತು ನೋಡಿ ತೊಟ್ಟಿಗೆ ಹಾಕಿದೆ. ಚಿಟಿಕೆ ಸಾಕಿತ್ತು. ಚಿಟಿಕೆಯಿಂದ ಸಮಾಧಾನವಾಗುವ ಜಾತಿ ನನ್ನದಲ್ಲ. ಇಡೀ ಪೊಟ್ಟಣ ಹೋಯಿತು.

ಮರಳಿ ಬಂದ ಬಾ ಸೇದಿದ ಕೊಡದಲ್ಲಿ ನೀರು ನೇರಳೆಗೆಂಪು. ನಾನು ತಪ್ಪೊಪ್ಪಿಕೊಂಡೆ.

"ಅವರು ಉಳಿಸೋದನ್ನ ನೀವು ಕೊಲ್ಲೋದೇನ್ರೀ?" ಎಂದಳು ಹೆಂಡತಿ.

"ಬಾ, ನಿಮ್ಮ ಮದ್ರಾಸಿ ಬಾಡಿಗೆಯವನಿಗೆ ಈಗಲೇ ಹೋಳಿ ಬಂತಾ?" ಎಂದಳು ಎದುರುಮನೆಯಾಕೆ.

ಬಾ ಬೈಯಲಿಲ್ಲ. ಸತ್ತ ಜೀವಗಳಿಗಾಗಿ ಮೂರು ದಿನ ಉಪವಾಸವೆಂದು ಕೈಮುಗಿದು ಕೂತರು. ಹಗಲಲ್ಲಿ ಕಾಯಿಸಿದ ನೀರು, ಅಷ್ಟೇ. ಎಪ್ಪತ್ತು ದಾಟಿದ ಮೈ. ಏನಾದರೂ ಆದರೆ ಕೊಂದವನು ನಾನೇ. ಮನೆಮನೆಯ ತೊಟ್ಟಿಯಿಂದ ನೀರು ಬೇಡಿ ತಂದು, ಕಾಯಿಸಿಟ್ಟು, ಬಾಗಿಲಲ್ಲಿ ನಿಂತು ಅವರ ಉಸಿರು ನೋಡುತ್ತಿದ್ದೆ. ನಾನೂ ಉಪವಾಸ ಮಾಡಿದೆ, ಮಧ್ಯಾಹ್ನ ಎರಡರವರೆಗೆ.

ಮೂರನೆಯ ಸಂಜೆ ಅವರೇ ಕರೆದರು. "ಕೂತ್ಕೋ ಬೇಟಾ. ನಿನಗೆ ಮಗುವಿಗೇನಾಗುತ್ತೋ ಅಂತ ಭಯ, ನನಗೆ ಆ ಜೀವಗಳಿಗೇನಾಗುತ್ತೋ ಅಂತ. ಹೆದರೋರು ಕೆಟ್ಟೋರಲ್ಲ. ಆದ್ರೆ ಕೇಳಬೇಕಿತ್ತು. ಕೇಳಿದ್ರೆ ಮಗುವಿಗೆ ದಿನಾ ನಾನೇ ನೀರು ಕಾಯಿಸಿ ಕೊಡ್ತಿದ್ದೆ."

ತೊಟ್ಟಿ ಬರಿದು ಮಾಡಿ ತೊಳೆದೆವು. ಆ ವರ್ಷ ನೆರೆಹೊರೆಯ ನೀರೇ ನಮ್ಮನ್ನು ಸಾಕಿತು. ಮರುವರ್ಷ ಕೊಳವೆಯ ಬಾಯಿ ಮುಚ್ಚಿ ಮೊದಲ ಮಳೆಯನ್ನು ಬೀದಿಗೆ ಬಿಟ್ಟು, ಮಾಳಿಗೆ ತಿಕ್ಕಿ, ಎರಡನೆಯದಕ್ಕೆ ಕಾದೆವು. ಆ ಮಳೆಗೆ ಕೊಳವೆಯ ಬಾಯಿ ತೆರೆಯುವ ಕೆಲಸವನ್ನು ಬಾ ಅದುವರೆಗೆ ಯಾರಿಗೂ ಬಿಟ್ಟವರಲ್ಲ. ಅಂದು ನನ್ನನ್ನು ಕರೆದು, "ತೆಗಿ," ಎಂದರು. ನಾನು ಕೈಯನ್ನು ಪಂಚೆಗೆ ಎರಡೆರಡು ಸಲ ಒರೆಸಿಕೊಂಡೆ.

"ಬರೀ ನೀರು, ಬೇಟಾ. ಬಿಡು."

ಮೈಸೂರಿಗೆ ವರ್ಗವಾಗಿ ಎಷ್ಟೋ ಕಾಲದ ಮೇಲೆ, ಒಂದು ಜ್ಯೇಷ್ಠದಲ್ಲಿ, ಬಾ ತೀರಿಕೊಂಡ ಕಾಗದ ಬಂತು. ಮೂರು ಸಲ ಓದಿದೆ. ಈ ಸಲ ಕೊಳವೆ ತೆರೆಯುವವರು ಯಾರೆಂದು ಅದರಲ್ಲಿ ಬರೆದಿರಲಿಲ್ಲ. ಅಲ್ಲಿ ಮಳೆಗೆ ಇನ್ನು ಹದಿನೈದು ದಿನ. ರಜೆಗೆ ಬರೆದು ಟಿಕೆಟ್ ತೆಗೆಸಿದೆ. ಹೆಂಡತಿ ಬುತ್ತಿ ಕಟ್ಟಿದಳು.