ಟವೆಲ್ ಕೆಳಗಿನ ದಲಾಲಿ

ನನ್ನ ಅಪಘಾತದ ಪರಿಹಾರಕ್ಕೆ ನಾಲ್ಕು ವರ್ಷ ಹಿಡಿಯಿತು. ಟಿಕೋಟಾದಿಂದ ವಿಜಯಪುರದ ಕೋರ್ಟಿಗೆ ಎಷ್ಟು ಸಲ ಬಸ್ಸು ಹತ್ತಿದೆನೋ, ಎಣಿಸುವುದನ್ನೇ ಬಿಟ್ಟೆ. ಬಂದದ್ದು ಕೇಳಿದ್ದರ ಅರ್ಧಕ್ಕೂ ಕಡಿಮೆ. ವಕೀಲರ ತಪ್ಪಲ್ಲ, ನ್ಯಾಯಾಧೀಶರ ತಪ್ಪೂ ಅಲ್ಲ. ನನ್ನ ದುಡಿಮೆ ಎಷ್ಟೆಂದು ನಾನೇ ಯಾರಿಗೂ ಗೊತ್ತಾಗಗೊಟ್ಟಿರಲಿಲ್ಲ.

ನನ್ನದು ಎತ್ತಿನ ದಲಾಲಿ. ಮಂದಿಯ ಎತ್ತು ಹೊಡೆದುಕೊಂಡು ಸಂತೆಗೆ ಹೋಗುತ್ತ, ನಿಂತು ನೋಡಿಯೇ ಕಸುಬು ಕಲಿತವನು. ನಮ್ಮಲ್ಲಿ ದರವನ್ನು ಬಾಯಲ್ಲಿ ಆಡುವುದಿಲ್ಲ. ಕೈಮೇಲೆ ಟವೆಲ್ ಹೊದಿಸಿ, ಅದರ ಕೆಳಗೆ ಒಬ್ಬರ ಬೆರಳನ್ನು ಒಬ್ಬರು ಹಿಡಿಯುತ್ತೇವೆ. ಬೆರಳು, ಬೆರಳಿನ ಗೆಣ್ಣು, ಅವೇ ನಮ್ಮ ಅಂಕಿ. ಸುತ್ತ ನಿಂತವರಿಗೆ ದರವೂ ತಿಳಿಯದು, ನನ್ನ ದಲಾಲಿಯೂ ತಿಳಿಯದು.

ಬಬಲೇಶ್ವರದಲ್ಲಿ ಒಂದು ಜೋಡಿ ಎತ್ತು ನೋಡಿ ಬೈಕಿನಲ್ಲಿ ಮರಳುವಾಗ ಹಿಂದಿನಿಂದ ಟೆಂಪೋ ಗುದ್ದಿತು. ಬಲಗೈಯ ಎರಡು ಬೆರಳು ಜಜ್ಜಿಹೋದವು. ಗಾಯ ಮಾಯ್ದರೂ ಬೆರಳು ಬಗ್ಗಲಿಲ್ಲ, ಮುಟ್ಟಿದ್ದೂ ತಿಳಿಯಲಿಲ್ಲ. ಮತ್ತೆ ಸಂತೆಗೆ ಹೋದ ಮೊದಲ ದಿನವೇ, ಗಿರಾಕಿ ಹಿಡಿದ ಮೂರು ಬೆರಳನ್ನು ಎರಡೆಂದು ತಿಳಿದು ಮಾತು ಕೆಡಿಸಿದೆ. ಅಂದಿನಿಂದ ನನ್ನ ಟವೆಲ್ ಕೆಳಗೆ ಯಾರೂ ಕೈ ಇಡಲಿಲ್ಲ.

ಪೊಲೀಸ್ ಕೇಸು, ಆಸ್ಪತ್ರೆಯ ಕಾಗದ ಎಲ್ಲ ಸರಿಯಾಗಿದ್ದವು. ಆದಾಯಕ್ಕೆ ಮಾತ್ರ ಒಂದು ಚೀಟಿಯೂ ಇಲ್ಲ. ಅದಕ್ಕೇ ಹೊನವಾಡದ ಒಬ್ಬ ಹಿರಿಯ ರೈತರನ್ನು ಸಾಕ್ಷಿಗೆ ಕರೆತಂದೆ. ಇಪ್ಪತ್ತು ವರ್ಷದಿಂದ ನನ್ನ ಗಿರಾಕಿ, ನಾನು ಕಾಕಾ ಎನ್ನುತ್ತೇನೆ.

ನಮ್ಮ ವಕೀಲರು ಕೇಳಿದರು: "ಇವರಿಗೆ ಒಂದು ಜೋಡಿಗೆ ಎಷ್ಟು ದಲಾಲಿ ಕೊಡ್ತಿದ್ರಿ?"

"ಟಾವೆಲ್ ಒಳಗಿನ ಮಾತು ಹೊರಗ ಹೇಳಂಗಿಲ್ರಿ."

ಟೆಂಪೋದ ಇನ್ಶೂರೆನ್ಸ್ ಕಂಪನಿಯ ವಕೀಲರಿಗೆ ಹಬ್ಬ. "ಹಂಗಾರ ಕೊಟ್ಟಿಲ್ಲ ಅಂತ ಬರಕೊಳ್ಳೂಣೇನ್ರಿ?"

"ಯಾಕ್ರಿ, ಕೊಟ್ಟೀನಿ! ಎಷ್ಟು ಅನ್ನೂದು ನನಗ ಅವಗ ಬಿಟ್ಟದ್ದು."

ನ್ಯಾಯಾಧೀಶರು ನಕ್ಕರು. "ಇಲ್ಲಿ ಟವೆಲ್ ಇಲ್ಲ ಯಜಮಾನರೇ, ಹೇಳಿ."

ಕಾಕಾ ಕಟಕಟೆಯಿಂದಲೇ ನನ್ನ ಕಡೆ ತಿರುಗಿದರು. "ಹೇಳ್ಲೇನೋ ತಮ್ಮಾ?"

"ಅವರನ್ನ ಕೇಳಬ್ಯಾಡ್ರಿ, ನಮಗ ಹೇಳ್ರಿ," ಎಂದರು ಕಂಪನಿಯ ವಕೀಲರು.

ಒಂದು ಸಲ ತಲೆ ಆಡಿಸಿದ್ದರೆ ಸಾಕಿತ್ತು. ಆದರೆ ನನ್ನ ಪಕ್ಕದಲ್ಲೇ ಕಳ್ಳಕವಟಗಿಯ ಇನ್ನೊಬ್ಬ ಗಿರಾಕಿ ಕೂತಿದ್ದ, ನನಗೆ ಧೈರ್ಯ ಹೇಳಲೆಂದು ಬಂದವನು. ಅಂಥದೇ ಜೋಡಿಗೆ ಅವನಿಂದ ನಾನು ಕಾಕಾ ಕೊಟ್ಟದ್ದರ ಎರಡು ಪಟ್ಟು ದಲಾಲಿ ತೆಗೆದುಕೊಂಡಿದ್ದೆ. ನೆಲ ನೋಡುತ್ತ ಕೂತೆ.

"ನೆನಪಿಲ್ರಿ ಸಾಹೇಬ್ರ," ಎಂದು ಕಾಕಾ ಇಳಿದುಬಂದರು.

ಹೊರಗೆ ನನ್ನ ಹೆಂಡತಿ ಅವರನ್ನು ತಡೆದು ನಿಲ್ಲಿಸಿದಳು. "ಸಾಕ್ಷಿ ಹೇಳಾಕ ಬಂದಿದ್ರ್ಯೋ, ಗುಟ್ಟು ಕಾಯಾಕ ಬಂದಿದ್ರ್ಯೋ ಕಾಕಾ?"

"ನಿನ್ನ ಗಂಡನ್ನ ಕೇಳವಾ. ಕುತ್ತಿಗಿ ಹಿಡಕೊಂಡಿತ್ತೇನು ಅವಂದು?"

ಕ್ಯಾಂಟೀನಿನಲ್ಲಿ ಮೂವರೂ ಚಹಾ ಕುಡಿದೆವು, ದುಡ್ಡು ನಾನು ಕೊಟ್ಟೆ. ತೀರ್ಪಿನಲ್ಲಿ ಆದಾಯದ ಪುರಾವೆ ಇಲ್ಲವೆಂದು, ಅಂಥವರಿಗೆ ಹಿಡಿಯುವ ಅಂದಾಜು ಕೂಲಿಯನ್ನೇ ನನಗೂ ಹಿಡಿದರು. ಮೇಲಿನ ಕೋರ್ಟಿಗೆ ಹೋಗೋಣ ಎಂದರು ವಕೀಲರು. ಸಾಕಾಗಿತ್ತು, ಬೇಡ ಎಂದೆ.

ನಿಮ್ಮದೂ ಚೀಟಿಯಿಲ್ಲದ ದುಡಿಮೆಯಾಗಿದ್ದರೆ ಇಷ್ಟು ಮಾಡಿ. ಬಂದ ದುಡ್ಡನ್ನು ಬ್ಯಾಂಕಿನ ಖಾತೆಗೇ ಹಾಕಿಸಿಕೊಳ್ಳಿ. ತೆರಿಗೆಗೆ ಹೆದರಿ ಮುಚ್ಚಿಟ್ಟದ್ದು ಕೋರ್ಟಿನಲ್ಲಿ ಇಲ್ಲದ್ದೇ ಆಗುತ್ತದೆ. ಅಂಗವೈಕಲ್ಯದ ಪ್ರಮಾಣಪತ್ರಕ್ಕೆ ಹೋದಾಗ ಬೆರಳು ಬಗ್ಗುವುದಿಲ್ಲ ಎಂದಷ್ಟೇ ಹೇಳಬೇಡಿ, ಆ ಬೆರಳಿನಿಂದ ಏನು ಕೆಲಸ ಮಾಡುತ್ತಿದ್ದಿರಿ ಎಂಬುದನ್ನೂ ಬರೆಸಿ. ಸಾಕ್ಷಿ ಹೇಳುವವರ ಮನೆಗೆ ಮೊದಲೇ ಹೋಗಿ, "ಇದ್ದದ್ದನ್ನು ಇದ್ದಂತೆ ಹೇಳಿ, ನನ್ನದೇನೂ ತಕರಾರಿಲ್ಲ" ಎಂದು ಬಾಯಿಬಿಟ್ಟು ತಿಳಿಸಿ. ಹೆಚ್ಚು ಕೊಟ್ಟ ಗಿರಾಕಿಗಳು ಸಿಟ್ಟಾಗುತ್ತಾರೆ. ಆಗಲಿ ಬಿಡಿ, ಮುಂದಿನ ಜೋಡಿಗೆ ದಲಾಲಿ ಸ್ವಲ್ಪ ಇಳಿಸಿ.