ಐದನೆಯ ದನಿ

ಭಾನುವಾರ, ಬೆಳಿಗ್ಗೆ 9.40. ಜರ್ಮನಿಯ ಕಾರ್ಲ್ಸ್‌ರುಹೆ ರೈಲು ನಿಲ್ದಾಣ.

ವೀಸಾ ಮುಗಿದ ರಘು ಊರಿಗೆ ಮರಳುತ್ತಿದ್ದಾನೆ. ಬೀಳ್ಕೊಡಲು ಸ್ಟುಟ್‌ಗಾರ್ಟ್‌ನಿಂದ ನಾವು ಮೂವರು ಬಂದಿದ್ದೇವೆ. ವಾದ್ಯವಿಲ್ಲದೆ ನಾಲ್ವರು ನಾಲ್ಕು ಸ್ವರ ಹಿಡಿದು ಹಾಡುವ ಬಾರ್ಬರ್‌ಶಾಪ್ ಗಾಯನ ನಮ್ಮದು, ಎಲ್ಲಕ್ಕೂ ಕೆಳಗಿನ ಮಂದ್ರ ಸ್ವರ ರಘುವಿನದು. ನಾಲ್ಕೂ ಅಲುಗದೆ ಕೂಡಿದರೆ ಯಾರೂ ಹಾಡದ ಐದನೆಯ ದನಿಯೊಂದು ಮೇಲೆ ಮೊಳಗುತ್ತದೆ. ಮೂವತ್ತೆಂಟು ಅಭ್ಯಾಸಗಳಲ್ಲಿ ನಮಗದು ಕೇಳಿಸಿದ್ದು ಸೊನ್ನೆ ಸಲ. ತಪ್ಪು ನನ್ನದೇ. ಚಿಕ್ಕಂದಿನಲ್ಲಿ ಕಲಿತ ಕರ್ನಾಟಕ ಸಂಗೀತದ, ಸ್ವರ ಬಳುಕಿಸುವ ಗಮಕ ನನ್ನ ಸ್ವರವನ್ನು ನೆಟ್ಟಗೆ ನಿಲ್ಲಲು ಬಿಡುವುದಿಲ್ಲ.

"ಲಾಸ್ಟ್ ಚಾನ್ಸ್ ಮಗಾ, ಅಲ್ಲಾಡಿಸ್ಬೇಡ," ಎಂದ ರಘು.

ಪ್ಲಾಟ್‌ಫಾರ್ಮಿನಲ್ಲೇ ಹಾಡಿದೆವು. ಮೂವರ ಸ್ವರ ಕಂಬದಂತೆ ನಿಂತಿತು. ನನ್ನದು ಬಳುಕಿತು.

"ನಿನ್ ಗಂಟ್ಲಲ್ಲಿ ಸ್ಪ್ರಿಂಗ್ ಇದೆ ಗುರು!" ರಘು ನಕ್ಕು ರೈಲು ಹತ್ತಿದ.

ಸದಾ ತಡವಾಗುವ ರೈಲು ಇಂದು ಸಮಯಕ್ಕೆ ಸರಿಯಾಗಿ ಹೊರಟಿತು. ಅದು ಹೋದ ಮೇಲೆ ನನ್ನ ಸ್ವರವನ್ನೊಮ್ಮೆ ಹಿಡಿದು ನೋಡಿದೆ. ಚೂರೂ ಅಲುಗಲಿಲ್ಲ. ಕೆಳಗೆ ಮಂದ್ರವಿರಲಿಲ್ಲ.